ಬ್ರಹ್ಮಗಿರಿಯ ಮಡಕೆ ಬಣ್ಣಗಳು

ಚಿತ್ರದುರ್ಗ ಜಿಲ್ಲೆಯ ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿ ದಕ್ಷಿಣ ಭಾರತದ ಪ್ರಾಗಿತಿಹಾಸಕ್ಕೆ ಮೊದಲ ಗಟ್ಟಿ ಕ್ರಮವನ್ನು ಒದಗಿಸಿದ ನೆಲೆ. ಆ ಕ್ರಮವನ್ನು ಕಟ್ಟಿಕೊಟ್ಟ ಸಾಕ್ಷ್ಯಗಳಲ್ಲಿ ಮುಖ್ಯವಾದದ್ದು ಮಡಕೆ ಚೂರು. ಬೂದು, ಕಪ್ಪು-ಕೆಂಪು, ಕಾವಿ: ಈ ಬಣ್ಣಗಳನ್ನು ಬಲ್ಲವರು ಮಣ್ಣಿನ ಯಾವ ಪದರ ಮೊದಲು, ಯಾವುದು ಆಮೇಲೆ ಎಂದು ಹೇಳಬಲ್ಲವರಾದರು.

ಈ ಊರಿನ ಹುಡುಕಾಟ ಶುರುವಾದದ್ದು ಶಾಸನದಿಂದ. 1892ರಲ್ಲಿ ಬಿ.ಎಲ್. ರೈಸ್ ಅವರು ಬ್ರಹ್ಮಗಿರಿ, ಸಿದ್ದಾಪುರ ಮತ್ತು ಜಟಿಂಗ ರಾಮೇಶ್ವರಗಳಲ್ಲಿ ಅಶೋಕನ ಶಾಸನಗಳನ್ನು ಬೆಳಕಿಗೆ ತಂದರು. ಸುವರ್ಣಗಿರಿಯಲ್ಲಿದ್ದ ಆರ್ಯಪುತ್ರ ಮತ್ತು ಮಹಾಮಾತ್ರರು ಇಸಿಲದ ಮಹಾಮಾತ್ರರಿಗೆ ಕಳುಹಿಸಿದ ಆಜ್ಞೆ ಬ್ರಹ್ಮಗಿರಿಯ ಶಾಸನದಲ್ಲಿದೆ. ಹಾಗಾದರೆ ಇಸಿಲ ಎಂಬ ಪಟ್ಟಣ ಇಲ್ಲೇ ಎಲ್ಲೋ ಇರಬೇಕು. ಮೈಸೂರು ಪುರಾತತ್ವ ಇಲಾಖೆಯ ಎಂ.ಎಚ್. ಕೃಷ್ಣ ಅವರು 1940ರ ದಶಕದ ಆರಂಭದಲ್ಲಿ ಇಲ್ಲಿ ಅಗೆತ ನಡೆಸಿದರು. 1947ರಲ್ಲಿ ಭಾರತೀಯ ಪುರಾತತ್ವ ಸರ್ವೇಕ್ಷಣದ ಮಹಾನಿರ್ದೇಶಕ ಮಾರ್ಟಿಮರ್ ವ್ಹೀಲರ್ ಬಂದರು. ಅವರ ವರದಿ ‘ಏನ್ಷಿಯಂಟ್ ಇಂಡಿಯಾ’ ಪತ್ರಿಕೆಯ 4ನೇ ಸಂಚಿಕೆಯಲ್ಲಿ ಅಚ್ಚಾಯಿತು.

ವ್ಹೀಲರ್ ಗುರುತಿಸಿದ್ದು ಮೂರು ಸಂಸ್ಕೃತಿಗಳನ್ನು. ಎಲ್ಲಕ್ಕಿಂತ ಕೆಳಗೆ ಉಜ್ಜಿ ನಯಗೊಳಿಸಿದ ಕಲ್ಲುಕೊಡಲಿಗಳ ಕಾಲ. ಅಲ್ಲಿಯ ಮಡಕೆಗಳು ಬಹುಪಾಲು ಕೈಯಲ್ಲೇ ತಟ್ಟಿದ ಒರಟು ಬೂದು ಮಡಕೆಗಳು. ಅದರ ಮೇಲೆ ಬೃಹತ್ ಶಿಲಾ ಸಮಾಧಿಗಳ ಕಾಲ. ಕಬ್ಬಿಣದ ಸಲಕರಣೆಗಳ ಜತೆಗೆ ತಿಗರಿಯ ಮೇಲೆ ತಿರುವಿದ, ಹೊಳಪು ಕೊಟ್ಟ ಕಪ್ಪು-ಕೆಂಪು ಬಟ್ಟಲುಗಳು ಆಗ ಕಾಣಿಸಿಕೊಳ್ಳುತ್ತವೆ. ಮೂರನೆಯದು ಅವರು ‘ಆಂಧ್ರ’ ಎಂದು ಕರೆದ ಕಾಲ, ಅಂದರೆ ಶಾತವಾಹನರ ದಿನಗಳು. ಬಿಳಿ ಜೇಡಿಯ ಗೆರೆ ಎಳೆದು, ಮೇಲೆ ಕಾವಿಯ ತೆಳು ಲೇಪ ಕೊಟ್ಟ ಮಡಕೆ ಆ ಕಾಲದ ಗುರುತು. ಈ ಮೂರರ ನಡುವೆ ಗೋಡೆಗಳಿರಲಿಲ್ಲ. ಕಪ್ಪು-ಕೆಂಪು ಬಟ್ಟಲು ಬಂದ ಮೇಲೂ ಕೆಲವು ಕಾಲ ಕಲ್ಲುಕೊಡಲಿ ಬಳಕೆಯಲ್ಲಿತ್ತು ಎಂಬುದನ್ನು ಪದರಗಳೇ ತೋರಿಸಿದವು.

ಕಪ್ಪು-ಕೆಂಪು ಬಟ್ಟಲನ್ನು ಕೈಯಲ್ಲಿ ಹಿಡಿದು ನೋಡುವುದು ಒಳ್ಳೆಯದು. ಒಳಮೈ ಪೂರ್ತಿ ಕಪ್ಪು. ಆ ಕಪ್ಪು ಅಂಚು ದಾಟಿ ಹೊರಗೂ ಒಂದಿಷ್ಟು ಇಳಿದಿರುತ್ತದೆ. ಅದರ ಕೆಳಗೆ ಕೆಂಪು. ಎರಡೂ ಕೂಡುವ ಕಡೆ ನೇರ ಗೆರೆಯಿಲ್ಲ, ಒಂದು ಇನ್ನೊಂದರಲ್ಲಿ ಕರಗುತ್ತದೆ. ಕುಂಚ ಹಿಡಿದು ಬಳಿದ ಬಣ್ಣ ಹೀಗಿರಲಾರದು. ಇದು ಬೆಂಕಿಯ ಕೆಲಸ. ಚಳ್ಳಕೆರೆ, ಮೊಳಕಾಲ್ಮೂರಿನ ಕೆಂಪು ನೆಲಕ್ಕೆ ಬಣ್ಣ ಕೊಟ್ಟಿರುವ ಕಬ್ಬಿಣದ ಅಂಶವೇ ಮಡಕೆಯ ಮಣ್ಣಿನಲ್ಲೂ ಇರುತ್ತದೆ. ಆವಿಗೆಯಲ್ಲಿ ಗಾಳಿ ಆಡಿದ ಕಡೆ ಆ ಕಬ್ಬಿಣ ಆಮ್ಲಜನಕದೊಡನೆ ಸೇರಿ ಕೆಂಪಾಗುತ್ತದೆ. ಗಾಳಿ ಸಿಗದೆ ಹೊಗೆ ಕಟ್ಟಿದ ಕಡೆ ಇಂಗಾಲ ಮಣ್ಣಿನ ರಂಧ್ರಗಳಲ್ಲಿ ಕೂತು ಕಪ್ಪಾಗುತ್ತದೆ. ಬಟ್ಟಲನ್ನು ಬೋರಲಾಗಿಟ್ಟು, ಒಳಗೆ ಸೊಪ್ಪು ಅಥವಾ ಹೊಟ್ಟು ತುಂಬಿ ಸುಟ್ಟಿರಬೇಕು ಎಂಬುದು ಹೆಚ್ಚು ಪ್ರಚಲಿತವಾದ ವಿವರಣೆ. ಒಮ್ಮೆ ಸುಟ್ಟು, ಎರಡನೆಯ ಸಲ ಹೊಗೆ ಹಿಡಿಸಿದ್ದಾರೆ ಎಂದು ವಾದಿಸುವವರೂ ಇದ್ದಾರೆ. ದಾರಿ ಯಾವುದೇ ಇರಲಿ, ಒಂದೇ ಪಾತ್ರೆಯ ಒಳಗೂ ಹೊರಗೂ ಬೇರೆ ಬೇರೆ ಹವೆ ನಿಲ್ಲಿಸಬಲ್ಲ ಕುಂಬಾರರು ಸಾಮಾನ್ಯರಲ್ಲ.

ಇಲ್ಲಿ ಒಂದು ಎಚ್ಚರಿಕೆ ಬೇಕು. ಕಪ್ಪು-ಕೆಂಪು ಮಡಕೆ ಸಿಕ್ಕಲ್ಲೆಲ್ಲ ಒಂದೇ ಜನ ಇದ್ದರು ಎಂದು ಭಾವಿಸಿದ ಕಾಲವಿತ್ತು. ಆದರೆ ಇದೇ ಬಗೆಯ ಮಡಕೆ ಗುಜರಾತಿನಿಂದ ಬಂಗಾಳದವರೆಗೆ, ಕೆಳಗೆ ತಮಿಳುನಾಡಿನವರೆಗೆ, ತೀರ ಬೇರೆ ಬೇರೆ ಕಾಲಗಳಲ್ಲಿ ಸಿಗುತ್ತದೆ. ಅದು ಸುಡುವ ವಿಧಾನವೊಂದರ ಗುರುತು. ಕುಲದ ಗುರುತಾಗಿ ಓದಿದರೆ ಇತಿಹಾಸ ದಾರಿ ತಪ್ಪುತ್ತದೆ.

ಬಣ್ಣ ಮೊದಲು-ಆಮೇಲೆ ಎಂಬುದನ್ನು ಹೇಳುತ್ತದೆ, ಎಷ್ಟು ವರ್ಷ ಎಂಬುದನ್ನು ಹೇಳುವುದಿಲ್ಲ. ವರ್ಷಗಳಿಗಾಗಿ ವ್ಹೀಲರ್ ಕಡಲತಡಿಯತ್ತ ನೋಡಿದರು. 1945ರಲ್ಲಿ ಪುದುಚೇರಿ ಬಳಿಯ ಅರಿಕಮೇಡುವಿನಲ್ಲಿ ಅವರಿಗೆ ಇಟಲಿಯಿಂದ ಬಂದ ಕೆಂಪು ಹೊಳಪಿನ ಅರೆಟೈನ್ ಪಾತ್ರೆಗಳು ಸಿಕ್ಕಿದ್ದವು. ಅವುಗಳ ಕಾಲ ಯುರೋಪಿನಲ್ಲಿ ಮೊದಲೇ ನಿಶ್ಚಯವಾಗಿತ್ತು. ಅವುಗಳ ಜತೆ ಸಿಕ್ಕ, ಒಳತಳದಲ್ಲಿ ಸಾಲುಸಾಲು ಚುಕ್ಕಿ ಒತ್ತಿದ ರೂಲೆಟೆಡ್ ತಟ್ಟೆಗಳ ಚೂರುಗಳು ಬ್ರಹ್ಮಗಿರಿಯಲ್ಲೂ ಸಿಕ್ಕಿದವು. ಆ ಕೊಂಡಿ ಹಿಡಿದು ಅವರು ಶಾತವಾಹನ ಪದರವನ್ನು ಕ್ರಿ.ಶ. 1ನೇ ಶತಮಾನದ ನಡುವಿನಿಂದ ಲೆಕ್ಕ ಹಾಕಿದರು. ಸಮಾಧಿಗಳ ಕಾಲ ಕ್ರಿ.ಪೂ. 200ರಿಂದ ಶುರುವಾಯಿತು, ಕಬ್ಬಿಣ ಇಲ್ಲಿಗೆ ಬಂದದ್ದು ಮೌರ್ಯರ ಆಸುಪಾಸಿನಲ್ಲಿ ಎಂದು ತೀರ್ಮಾನಿಸಿದರು.

ಈ ತೀರ್ಮಾನ ನಿಲ್ಲಲಿಲ್ಲ. ಎಂ.ಎಸ್. ನಾಗರಾಜ ರಾವ್ ಅವರು 1965ರಲ್ಲಿ ಅಗೆದ ಹಳ್ಳೂರಿನಲ್ಲಿ, ಈಗಿನ ಹಾವೇರಿ ಜಿಲ್ಲೆಯಲ್ಲಿ, ಕಬ್ಬಿಣದ ಪದರಕ್ಕೆ ರೇಡಿಯೊ ಕಾರ್ಬನ್ ಪರೀಕ್ಷೆ ಕೊಟ್ಟ ಕಾಲ ಸುಮಾರು ಕ್ರಿ.ಪೂ. 1000. ದಕ್ಷಿಣದ ನವಶಿಲಾಯುಗವಂತೂ ಕ್ರಿ.ಪೂ. 3ನೇ ಸಹಸ್ರಮಾನಕ್ಕೆ ಸರಿಯಿತು. ವ್ಹೀಲರ್ ಇಟ್ಟ ವರ್ಷಗಳು ಬಿದ್ದುಹೋದವು. ಬೂದು ಕೆಳಗೆ, ಕಪ್ಪು-ಕೆಂಪು ನಡುವೆ, ಕಾವಿ ಮೇಲೆ ಎಂಬ ಅವರ ಕ್ರಮ ಮಾತ್ರ ಅಲುಗಲಿಲ್ಲ. ಬ್ರಹ್ಮಗಿರಿಯ ದೊಡ್ಡಸ್ತಿಕೆ ಅದೇ.

ಇಂದು ಪುರಾತತ್ವಜ್ಞರು ಚೂರಿನ ಬಣ್ಣವನ್ನು ಬರೀ ‘ಕೆಂಪು’ ಎಂದು ಬರೆದು ಸುಮ್ಮನಾಗುವುದಿಲ್ಲ. ಅಮೆರಿಕದ ಚಿತ್ರಕಲಾ ಶಿಕ್ಷಕ ಆಲ್ಬರ್ಟ್ ಮನ್ಸೆಲ್ ರೂಪಿಸಿ 1905ರಲ್ಲಿ ಪುಸ್ತಕವಾಗಿ ಪ್ರಕಟಿಸಿದ ಪದ್ಧತಿಯಿಂದ ಬೆಳೆದ ಬಣ್ಣದ ಪಟ್ಟಿ ಅವರ ಕೈಚೀಲದಲ್ಲಿರುತ್ತದೆ. ಛಾಯೆ, ಬೆಳಕು, ಗಾಢತೆ ಈ ಮೂರಕ್ಕೂ ಅದರಲ್ಲಿ ಸಂಕೇತವಿದೆ. 10ಆರ್ 4/6 ಎಂದು ಬರೆದರೆ ಮೊಳಕಾಲ್ಮೂರಿನಲ್ಲಿ ಕಂಡ ಕೆಂಪನ್ನು ಪುಣೆಯಲ್ಲಿ ಕೂತವರೂ ಪಟ್ಟಿ ತೆರೆದು ಅದೇ ಬಣ್ಣದ ಚೌಕದಲ್ಲಿ ನೋಡಬಹುದು. ಮಣ್ಣಿನ ಪದರಗಳನ್ನು ದಾಖಲಿಸುವುದಕ್ಕೂ ಇದೇ ಪಟ್ಟಿ ಬಳಕೆಯಲ್ಲಿದೆ.