ಐವತ್ತು ಅಡಿ ಕೊಳವೆಯ ಆಚೆಗೆ

ಶ್ವಾಸಕೋಶ ಕೆಟ್ಟವರಿಗೆ ಆಮ್ಲಜನಕ ಕೊಡುವುದು ಹಳೆಯ ವಿದ್ಯೆ. ಅದನ್ನು ಹೊತ್ತುಕೊಂಡು ಓಡಾಡಲು ಅವರನ್ನು ಬಿಟ್ಟದ್ದು ಈಚಿನದು. ಮೊದಲ ಮಹಾಯುದ್ಧದಲ್ಲಿ ವಿಷಾನಿಲಕ್ಕೆ ಸಿಕ್ಕ ಸೈನಿಕರಿಗೆ ಜೆ.ಎಸ್. ಹಾಲ್ಡೇನ್ ಮುಖವಾಡದ ಮೂಲಕ ಆಮ್ಲಜನಕ ಕೊಡಿಸಿದರು. 1920ರ ದಶಕದಲ್ಲಿ ನ್ಯೂಯಾರ್ಕಿನ ಆಲ್ವನ್ ಬರಾಕ್ ನ್ಯುಮೋನಿಯಾ ರೋಗಿಗಳನ್ನು ಆಮ್ಲಜನಕದ ಡೇರೆಯೊಳಗೆ ಮಲಗಿಸಿದರು. ಇವೆಲ್ಲ ಕೆಲವು ದಿನಗಳ ಚಿಕಿತ್ಸೆಗಳು. ವರ್ಷಗಟ್ಟಲೆ ದಮ್ಮಿನಿಂದ ನರಳುವವರಿಗೆ ಆಗಿನ ವೈದ್ಯರು ಹೇಳುತ್ತಿದ್ದುದು ಒಂದೇ ಮಾತು: ಮಲಗಿರಿ, ಆಯಾಸ ಮಾಡಿಕೊಳ್ಳಬೇಡಿ. ಅಂಥವರಿಗೆ ಆಮ್ಲಜನಕ ಕೊಟ್ಟರೆ ಉಸಿರಾಡಬೇಕೆಂಬ ಮಿದುಳಿನ ಒತ್ತಡವೇ ಕುಗ್ಗಿ, ರಕ್ತದಲ್ಲಿ ಇಂಗಾಲದ ಡೈಆಕ್ಸೈಡ್ ಏರಿ ಮಂಪರು ಕವಿದೀತೆಂಬ ಭಯವೂ ಇತ್ತು. ಆ ಭಯಕ್ಕೆ ಆಧಾರವಿಲ್ಲದೆ ಇರಲಿಲ್ಲ. ಟಾಸ್ಮೇನಿಯಾದ ಆಂಬುಲೆನ್ಸ್‌ಗಳಲ್ಲಿ ನಡೆದು 2010ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಉಬ್ಬಸ ಏರಿದ ಸಿಒಪಿಡಿ (ಶ್ವಾಸನಾಳಗಳು ಕಿರಿದಾಗುವ ದೀರ್ಘಕಾಲದ ಕಾಯಿಲೆ) ರೋಗಿಗಳಿಗೆ ಆಮ್ಲಜನಕವನ್ನು ಧಾರಾಳವಾಗಿ ಸುರಿದಾಗ ಹೆಚ್ಚು ಜನ ಸತ್ತರು. ರಕ್ತದ ಆಮ್ಲಜನಕ ಮಟ್ಟವನ್ನು ಶೇ 88ರಿಂದ 92ರೊಳಗೆ ಹಿಡಿದಿಟ್ಟು ಕೊಟ್ಟಾಗ ಸಾವು ಅರ್ಧಕ್ಕಿಂತ ಕೆಳಗಿಳಿಯಿತು. ಆಮ್ಲಜನಕವನ್ನೂ ಔಷಧದಂತೆ ಅಳೆದೇ ಕೊಡಬೇಕು.

ನಡೆಯುವ ರೋಗಿಯ ಬೆನ್ನಿಗೆ ಆಮ್ಲಜನಕ ಕಟ್ಟಿದರೆ ಏನಾಗುತ್ತದೆ ಎಂದು ಶಿಸ್ತಿನಿಂದ ಅಳೆದ ಮೊದಲಿಗರಲ್ಲಿ ವೇಲ್ಸ್‌ನ ಕೋಟ್ಸ್ ಮತ್ತು ಗಿಲ್ಸನ್ ಸೇರುತ್ತಾರೆ. ಕಲ್ಲಿದ್ದಲ ಧೂಳು ಕುಡಿದ ಗಣಿ ಕಾರ್ಮಿಕರ ನಾಡಿನಲ್ಲಿ ಕೂತು ಅವರು 1956ರಲ್ಲಿ ಬರೆದ ಪ್ರಬಂಧದ ಸಾರ ಸರಳ: ಚಿಕ್ಕ ಸಿಲಿಂಡರ್ ಜೊತೆಗಿದ್ದರೆ ಅನೇಕರು ಹೆಚ್ಚು ದೂರ ನಡೆಯುತ್ತಾರೆ. ಆದರೆ ಹೊತ್ತ ಸಿಲಿಂಡರಿನ ಭಾರವೇ ಅದು ಕೊಟ್ಟ ಲಾಭದ ಒಂದಂಶವನ್ನು ತಿಂದುಹಾಕುತ್ತದೆ. ಹೆಗಲ ಮೇಲಿನ ಕಿಲೋಗ್ರಾಂಗೂ ಮೂಗಿಗೆ ಬರುವ ಲೀಟರಿಗೂ ನಡೆಯುವ ಈ ಚೌಕಾಸಿ ಅಂದು ಶುರುವಾಯಿತು. ಆಮೇಲೆ ಬಂದ ಪ್ರತಿ ಯಂತ್ರವೂ ಅದನ್ನು ಒಂದಿಷ್ಟು ಅತ್ತಿತ್ತ ಸರಿಸಿದೆ, ಬಗೆಹರಿಸಿಲ್ಲ.

ಮುಂದಿನ ಘಟ್ಟ ಅಮೆರಿಕದ ಡೆನ್ವರ್. ಸಮುದ್ರಮಟ್ಟದಿಂದ 1600 ಮೀಟರ್ ಎತ್ತರದ ಈ ಊರಿನಲ್ಲಿ ಗಾಳಿಯ ಒತ್ತಡವೇ ಕಡಿಮೆ. ತಗ್ಗಿನ ಊರಿನಲ್ಲಿ ಹೇಗೋ ದಿನ ನೂಕುತ್ತಿದ್ದ ರೋಗಿ ಇಲ್ಲಿ ನೀಲಿಗಟ್ಟುತ್ತಾನೆ. 1960ರ ದಶಕದ ನಡುವೆ ಥಾಮಸ್ ಪೆಟ್ಟಿ ಮತ್ತು ಅವರ ಸಂಗಡಿಗರು ಇಂಥ ಕೆಲವರಿಗೆ ದ್ರವ ಆಮ್ಲಜನಕದ ಫ್ಲಾಸ್ಕು ಕೊಟ್ಟು ನಡೆಯಲು ಹಚ್ಚಿದರು. ಮೈನಸ್ 183 ಡಿಗ್ರಿಯಲ್ಲಿ ದ್ರವವಾಗಿರುವ ಆಮ್ಲಜನಕದ ಒಂದು ಲೀಟರು ಅನಿಲವಾದಾಗ ಸುಮಾರು 860 ಲೀಟರಾಗುತ್ತದೆ. ಮನೆಯಲ್ಲೊಂದು ದೊಡ್ಡ ಪಾತ್ರೆ, ಅದರಿಂದ ತುಂಬಿಕೊಳ್ಳುವ ಹೆಗಲ ಪಾತ್ರೆ: ಯೂನಿಯನ್ ಕಾರ್ಬೈಡ್‌ನ ಲಿಂಡೆ ವಿಭಾಗ ಮಾಡಿಕೊಟ್ಟ ವ್ಯವಸ್ಥೆ ಇದು. 1967ರಲ್ಲಿ ಪ್ರಕಟವಾದ ಅವರ ವರದಿಯಲ್ಲಿದ್ದವರು ಬೆರಳೆಣಿಕೆಯ ರೋಗಿಗಳು. ಅವರಲ್ಲಿ ದಪ್ಪಗಾಗಿದ್ದ ರಕ್ತ ತಿಳಿಯಾಯಿತು, ಶ್ವಾಸಕೋಶದ ರಕ್ತನಾಳಗಳ ಒತ್ತಡ ಇಳಿಯಿತು, ನಡಿಗೆ ಹೆಚ್ಚಿತು.

ಆಮ್ಲಜನಕ ಆಯುಸ್ಸನ್ನೂ ಹೆಚ್ಚಿಸುತ್ತದೆಯೇ ಎಂಬುದಕ್ಕೆ ಉತ್ತರ ಎರಡು ಪ್ರಯೋಗಗಳಿಂದ ಬಂತು. ಇಂದಿಗೂ ಜಗತ್ತಿನ ಎಲ್ಲ ಮಾರ್ಗಸೂಚಿಗಳು ನಿಂತಿರುವುದು ಇವೆರಡರ ಮೇಲೆಯೇ. 1981ರ ಬ್ರಿಟಿಷ್ ಪ್ರಯೋಗದಲ್ಲಿ 87 ರೋಗಿಗಳು. ಅರ್ಧದಷ್ಟು ಜನಕ್ಕೆ ದಿನಕ್ಕೆ ಕನಿಷ್ಠ 15 ಗಂಟೆ ಆಮ್ಲಜನಕ, ಉಳಿದವರಿಗೆ ಇಲ್ಲ. ಐದು ವರ್ಷದಲ್ಲಿ ಆಮ್ಲಜನಕ ಪಡೆದ 42 ಜನರಲ್ಲಿ 19 ಮಂದಿ, ಪಡೆಯದ 45 ಜನರಲ್ಲಿ 30 ಮಂದಿ ತೀರಿಕೊಂಡರು. ಅದಕ್ಕೆ ಒಂದು ವರ್ಷ ಮೊದಲು ಪ್ರಕಟವಾದ ಅಮೆರಿಕದ ‘ನಾಟ್’ ಪ್ರಯೋಗ 203 ರೋಗಿಗಳನ್ನು ಎರಡು ಗುಂಪು ಮಾಡಿತ್ತು. ರಾತ್ರಿಯ 12 ಗಂಟೆ ಮಾತ್ರ ಪಡೆದವರಲ್ಲಿ ಎರಡು ವರ್ಷದ ಹೊತ್ತಿಗೆ ಶೇ 41ರಷ್ಟು ಮಂದಿ ಇಲ್ಲವಾದರೆ, ‘ನಿರಂತರ’ ಪಡೆದವರಲ್ಲಿ ಶೇ 22. ನಿರಂತರ ಎಂದರೂ ಸರಾಸರಿ ಬಳಕೆ 18 ಗಂಟೆಗೂ ತುಸು ಕಡಿಮೆಯೇ ಇತ್ತು.

ಈ ‘ನಾಟ್’ ಪ್ರಯೋಗದಲ್ಲಿ ಒಂದು ತೊಡಕಿದೆ, ಹೆಚ್ಚಿನವರು ಅದನ್ನು ದಾಟಿ ಹೋಗುತ್ತಾರೆ. ನಿರಂತರ ಗುಂಪಿಗೆ ಹೊತ್ತು ನಡೆಯುವ ಸಲಕರಣೆ ಕೊಟ್ಟಿದ್ದರು; ರಾತ್ರಿಯ ಗುಂಪಿಗೆ ಮನೆಯಲ್ಲೇ ನಿಲ್ಲುವ ಸಲಕರಣೆ. ಹಾಗಾದರೆ ಬದುಕಿಸಿದ್ದು ಹೆಚ್ಚಿನ ಗಂಟೆಗಳೋ, ನಡಿಗೆಯೋ? ಪೆಟ್ಟಿ ತಮ್ಮ ಮುಪ್ಪಿನಲ್ಲಿ, 2000ದಲ್ಲಿ, ಹಳೆಯ ಲೆಕ್ಕಗಳನ್ನು ಮತ್ತೆ ಕೆದಕಿ ನಡಿಗೆಯ ಪರವಾಗಿ ವಾದಿಸಿದರು. ನಡೆಯಬಲ್ಲವರು ಮೊದಲೇ ಗಟ್ಟಿಗರಿದ್ದಿರಬಹುದು ಎಂಬ ಆಕ್ಷೇಪಕ್ಕೆ ಆ ಲೆಕ್ಕದಲ್ಲಿ ಉತ್ತರ ಸಿಗುವುದಿಲ್ಲ. ಆದರೆ 2024ರಲ್ಲಿ ಸ್ವೀಡನ್ನಿನ ‘ರೆಡಾಕ್ಸ್’ ಪ್ರಯೋಗ 241 ಜನರಲ್ಲಿ 24 ಗಂಟೆಯನ್ನೂ 15 ಗಂಟೆಯನ್ನೂ ಎದುರುಬದುರು ಇಟ್ಟು ನೋಡಿದಾಗ, ಒಂದು ವರ್ಷದಲ್ಲಿ ಸಾವಿನಲ್ಲಾಗಲೀ ಆಸ್ಪತ್ರೆ ಸೇರುವುದರಲ್ಲಾಗಲೀ ವ್ಯತ್ಯಾಸ ಕಾಣಲಿಲ್ಲ. ಗಂಟೆಗಳೇ ಎಲ್ಲವೂ ಆಗಿದ್ದರೆ ಹೀಗಾಗಬಾರದಿತ್ತು. ಪೆಟ್ಟಿಯವರ ಅನುಮಾನಕ್ಕೆ ಇದರಿಂದ ಸ್ವಲ್ಪ ಬಲ ಬಂದಿದೆ ಎಂದೇ ನನ್ನ ಎಣಿಕೆ. ರೋಗಿಗಳಿಗೆ ಇದರ ಅರ್ಥ ಇನ್ನೂ ನೇರ: ದಿನಕ್ಕೆ ಒಂಬತ್ತು ಗಂಟೆ ಕೊಳವೆ ತೆಗೆದಿಟ್ಟು ಸ್ನಾನ, ಊಟ, ಅಂಗಳದ ಓಡಾಟ ಮಾಡಿದರೆ ಪಾಪವೇನೂ ಇಲ್ಲ, ಇದನ್ನು ಮಾತ್ರ ವೈದ್ಯರನ್ನು ಕೇಳಿಯೇ ತೀರ್ಮಾನಿಸಬೇಕು.

ಆ ಮೊದಲ ಪ್ರಯೋಗಗಳ ಹೊತ್ತಿಗೇ ಆಮ್ಲಜನಕ ಮಾಡುವ ರೀತಿಯೂ ಬದಲಾಗಿತ್ತು. ಸಿಲಿಂಡರ್ ಎಂದರೆ ಲಾರಿ, ಡ್ರೈವರು, ಖಾಲಿಯಾದರೆ ಫೋನು. ಎಸ್ಸೋ ಕಂಪನಿಯ ಚಾರ್ಲ್ಸ್ ಸ್ಕಾರ್‌ಸ್ಟ್ರೋಮ್ 1960ರಲ್ಲಿ ಪೇಟೆಂಟ್ ಪಡೆದ ವಿಧಾನ ಇದನ್ನೆಲ್ಲ ತಪ್ಪಿಸಿತು. ಜಿಯೋಲೈಟ್ ಎಂಬ ಹರಳಿನ ಕಾಳುಗಳನ್ನು ತುಂಬಿದ ಎರಡು ಕಂಬಗಳು. ಒಂದಕ್ಕೆ ಗಾಳಿಯನ್ನು ಒತ್ತಿ ನುಗ್ಗಿಸಿದರೆ ಸಾರಜನಕ ಕಾಳಿಗೆ ಅಂಟಿಕೊಳ್ಳುತ್ತದೆ, ಆಮ್ಲಜನಕ ಮುಂದೆ ಹೋಗುತ್ತದೆ. ಒತ್ತಡ ಬಿಟ್ಟೊಡನೆ ಅಂಟಿದ ಸಾರಜನಕ ಹೊರಬೀಳುತ್ತದೆ. ಅಷ್ಟರಲ್ಲಿ ಎರಡನೆಯ ಕಂಬದ ಸರದಿ. ಈ ತತ್ವದ ಯಂತ್ರವಾದ ಕಾನ್ಸನ್‌ಟ್ರೇಟರ್ ಕೆಲವು ಸೆಕೆಂಡಿಗೊಮ್ಮೆ ‘ಬುಸ್ಸ್’ ಎನ್ನುವುದು ಇದೇ. ಗಾಳಿಯಲ್ಲಿರುವ ಶೇ 1ರಷ್ಟು ಆರ್ಗಾನನ್ನು ಈ ಕಾಳು ಹಿಡಿಯುವುದಿಲ್ಲ, ಹಾಗಾಗಿ ಯಂತ್ರದ ಆಮ್ಲಜನಕ ಶೇ 95-96 ದಾಟಲಾರದು. 93ರ ಆಸುಪಾಸು ಇದ್ದರೆ ಒಳ್ಳೆಯ ಯಂತ್ರ. ಮನೆಗೆ ಬಂದ ಮಾದರಿಗಳು ನಿಮಿಷಕ್ಕೆ 5 ಲೀಟರ್ ಕೊಡುತ್ತಿದ್ದವು, ಮುನ್ನೂರಕ್ಕೂ ಹೆಚ್ಚು ವಾಟ್ ಕರೆಂಟು ತಿನ್ನುತ್ತಿದ್ದವು, ಗಾಲಿಯಿದ್ದರೂ ಮನೆಯ ಹೊಸ್ತಿಲು ದಾಟುತ್ತಿರಲಿಲ್ಲ. ಕೊಳವೆಯನ್ನು ಐವತ್ತು ಅಡಿಗಿಂತ ಉದ್ದ ಎಳೆಯಬೇಡಿ ಎಂಬುದು ಸಾಮಾನ್ಯ ಸೂಚನೆ. ಲಾರಿ ತಪ್ಪಿತು, ರೋಗಿ ಮತ್ತೆ ಗೋಡೆಗಳ ನಡುವೆ ಉಳಿದ.

ಅಲ್ಲಿಂದ ಹೊರಗೆ ತಂದದ್ದು ಉಸಿರಿನ ಲೆಕ್ಕಾಚಾರ. ಉಸಿರಾಟದ ಒಂದು ಸುತ್ತಿನಲ್ಲಿ ಒಳಗೆಳೆದುಕೊಳ್ಳುವ ಹೊತ್ತು ಸುಮಾರು ಮೂರನೆಯ ಒಂದು ಭಾಗ. ಉಳಿದ ಹೊತ್ತು ಹರಿಯುವ ಆಮ್ಲಜನಕ ಗಾಳಿಪಾಲು. ಆದ್ದರಿಂದ ಬೊಗಸೆ ಒಡ್ಡಿದಾಗ ಮಾತ್ರ ನೀರು ಹೊಯ್ಯುವಂತೆ, ಉಸಿರೆಳೆದ ಕ್ಷಣದಲ್ಲಿ ಮಾತ್ರ ಒಂದು ಗುಕ್ಕು ಬಿಡುವ ಕವಾಟಗಳು 1980ರ ದಶಕದಲ್ಲಿ ಬಂದವು. ಮೂಗಿನ ಕೆಳಗೆ ಪುಟ್ಟ ಚೀಲವಿಟ್ಟು ಕೂಡಿಸುವ ಕೊಳವೆ, ಗಂಟಲಿಗೆ ರಂಧ್ರ ಮಾಡಿ ನೇರ ಶ್ವಾಸನಾಳಕ್ಕೆ ಹಾಯಿಸುವ ಹೈಮ್ಲಿಕ್ ಅವರ ವಿಧಾನವೂ ಅದೇ ಕಾಲದವು. ಗುಕ್ಕಿನ ಕವಾಟವನ್ನು ಜಿಯೋಲೈಟಿನ ಕಂಬಕ್ಕೂ ಬ್ಯಾಟರಿಗೂ ಜೋಡಿಸಿದಾಗ ಹುಟ್ಟಿದ್ದೇ ಪೋರ್ಟಬಲ್ ಕಾನ್ಸನ್‌ಟ್ರೇಟರ್. ಏರ್‌ಸೆಪ್ ಕಂಪನಿಯ ಯಂತ್ರವೂ, ಕ್ಯಾಲಿಫೋರ್ನಿಯಾದ ವಿದ್ಯಾರ್ಥಿಗಳು 2001ರಲ್ಲಿ ಕಟ್ಟಿದ ಇನೋಜೆನ್ ಕಂಪನಿಯ ಯಂತ್ರವೂ ಆ ದಶಕದ ಮೊದಲರ್ಧದಲ್ಲೇ ಮಾರುಕಟ್ಟೆಗೆ ಬಂದವು. 2005ರಲ್ಲಿ ಅಮೆರಿಕದ ವಿಮಾನಯಾನ ನಿಯಂತ್ರಕರು ಈ ಎರಡಕ್ಕೆ ವಿಮಾನದೊಳಗೆ ಅನುಮತಿ ಕೊಟ್ಟರು. ಸಿಲಿಂಡರ್ ಒಯ್ಯಲಾಗದ ಜಾಗಕ್ಕೆ ಶ್ವಾಸಕೋಶ ರೋಗಿ ತನ್ನದೇ ಆಮ್ಲಜನಕದೊಂದಿಗೆ ಕಾಲಿಟ್ಟದ್ದು ಹೀಗೆ.

ಇಲ್ಲಿ ನಿಂತು ಒಂದು ಎಚ್ಚರಿಕೆ ಹೇಳಲೇಬೇಕು, ಏಕೆಂದರೆ ಜಾಹೀರಾತು ಇದನ್ನು ಹೇಳುವುದಿಲ್ಲ. ಚಿಕ್ಕ ಯಂತ್ರದ ಮೇಲಿನ ‘2’ ಎಂಬ ಅಂಕೆ ನಿಮಿಷಕ್ಕೆ 2 ಲೀಟರ್ ಎಂದಲ್ಲ. ಅದು ಆ ಕಂಪನಿಯ ಗುಕ್ಕಿನ ಗಾತ್ರದ ಗುರುತು, ಬೇರೆ ಕಂಪನಿಯ ‘2’ ಬೇರೆ. ಎರಡು ಕಿಲೋ ತೂಕದ ಒಳ್ಳೆಯ ಯಂತ್ರವೂ ಗರಿಷ್ಠ ಮಟ್ಟದಲ್ಲಿ ನಿಮಿಷಕ್ಕೆ ತಯಾರಿಸುವುದು ಹೆಚ್ಚೂಕಡಿಮೆ ಒಂದು ಲೀಟರು. ರೋಗಿ ಮೆಟ್ಟಿಲು ಹತ್ತಿ ಏದುಸಿರು ಬಿಡತೊಡಗಿದರೆ ಹಲವು ಯಂತ್ರಗಳು ಅಷ್ಟನ್ನೇ ಹೆಚ್ಚು ಗುಕ್ಕುಗಳಿಗೆ ಹಂಚುತ್ತವೆ, ಅಂದರೆ ಬೇಕಾದಾಗಲೇ ಪ್ರತಿ ಗುಕ್ಕು ಚಿಕ್ಕದಾಗುತ್ತದೆ. ನಿದ್ದೆಯಲ್ಲಿ ಬಾಯಿಂದ ಉಸಿರಾಡುವವರ ಮೆಲುಉಸಿರನ್ನು ಯಂತ್ರದ ಸಂವೇದಕ ಗುರುತಿಸದೆಯೂ ಇರಬಹುದು. ನಿರಂತರ ಹರಿವು ಕೊಡುವ ಪೋರ್ಟಬಲ್ ಯಂತ್ರಗಳಿವೆ. ಅವು ಭಾರ, ಅವುಗಳ ಹರಿವೂ 2-3 ಲೀಟರಿಗೆ ನಿಲ್ಲುತ್ತದೆ. ನಡೆಯುವಾಗ 5-6 ಲೀಟರ್ ಬೇಕಾಗುವ, ಶ್ವಾಸಕೋಶ ಗಡುಸಾದ ಫೈಬ್ರೋಸಿಸ್ ರೋಗಿಗೆ ಒಪ್ಪುತ್ತಿದ್ದುದು ಪೆಟ್ಟಿಯ ಕಾಲದ ದ್ರವ ಆಮ್ಲಜನಕವೇ. ಅದು ಅಮೆರಿಕದಲ್ಲೇ ವಿಮೆಯ ದರಪಟ್ಟಿಗೆ ಸಿಕ್ಕು ವಿರಳವಾಗುತ್ತ ಬಂದಿದೆ. ಉತ್ತಮವಾದುದು ಹಿಂದೆ ಸರಿದು ಅಗ್ಗವಾದುದು ಉಳಿದ ಅಪರೂಪದ ಕತೆ ಈ ಕ್ಷೇತ್ರದ್ದು.

ಯಂತ್ರ ಚಿಕ್ಕದಾದಂತೆ ಬೇಡಿಕೆಯೂ ಹಬ್ಬಿತು: ಕೂತಾಗ ಸರಿಯಿದ್ದು ನಡೆದಾಗ ಮಾತ್ರ ಆಮ್ಲಜನಕ ಇಳಿಯುವವರಿಗೂ ಕೊಟ್ಟರಾಯಿತಲ್ಲ? 2016ರ ‘ಲಾಟ್’ ಪ್ರಯೋಗ 738 ಸಿಒಪಿಡಿ ರೋಗಿಗಳಲ್ಲಿ ಇದನ್ನು ಪರೀಕ್ಷಿಸಿತು. ಸಾವು, ಆಸ್ಪತ್ರೆ ಸೇರುವಿಕೆ, ನಡಿಗೆಯ ದೂರ, ಬದುಕಿನ ಗುಣಮಟ್ಟ, ಯಾವುದರಲ್ಲೂ ಲಾಭ ಕಾಣಲಿಲ್ಲ. ಇನ್ನು ಆಮ್ಲಜನಕದ ಚೀಲ ಯಾರಿಗೂ ಬೇಡ ಎಂದು ಕೆಲವರು ತೀರ್ಮಾನಿಸಿಯೂಬಿಟ್ಟರು. ಎರಡೇ ವರ್ಷದಲ್ಲಿ ಬ್ರಿಟನ್ನಿನ ‘ಆಂಬಾಕ್ಸ್’ ಪ್ರಯೋಗ ಫೈಬ್ರೋಸಿಸ್ ಇರುವ 84 ಜನರಲ್ಲಿ ಬೇರೆಯದೇ ಫಲ ತೋರಿಸಿತು: ನಡೆಯುವಾಗ ಆಮ್ಲಜನಕ ಸಿಕ್ಕ ಎರಡು ವಾರಗಳಲ್ಲಿ ಏದುಸಿರು ಕಡಿಮೆ, ದಿನ ಹಗುರ. ಒಂದೇ ಹೆಸರಿನ ಚಿಕಿತ್ಸೆ ಎರಡು ರೋಗಗಳಲ್ಲಿ ಎರಡು ರೀತಿ. ಹಾಗಾಗಿ ಇಂದಿನ ಮಾರ್ಗಸೂಚಿಗಳು ಕೂತಾಗ ಧಮನಿ ರಕ್ತದ ಆಮ್ಲಜನಕ ಒತ್ತಡ 55 ಮಿ.ಮೀ. ಪಾದರಸ ಅಥವಾ ಅದಕ್ಕಿಂತ ಕಡಿಮೆ ಇರುವವರಿಗೆ ಕೊಡಿ ಎಂದು ಖಡಾಖಂಡಿತ ಹೇಳುತ್ತವೆ, ಉಳಿದವರ ವಿಷಯದಲ್ಲಿ ನಡೆಸಿ ನೋಡಿ ಎನ್ನುತ್ತವೆ. ಆರು ನಿಮಿಷದ ನಡಿಗೆ, ಕೊಳ್ಳಲಿರುವ ಅದೇ ಯಂತ್ರವನ್ನು ಹೆಗಲಿಗೇರಿಸಿಕೊಂಡು.

ಭಾರತದಲ್ಲಿ 2016ರ ಅಂದಾಜಿನಂತೆ ಸಿಒಪಿಡಿ ಇರುವವರು ಐದೂವರೆ ಕೋಟಿ. ಇವರಲ್ಲಿ ಬೀಡಿ ಮುಟ್ಟದೆ ಒಲೆಯ ಹೊಗೆಯಲ್ಲೇ ಬದುಕು ಸವೆಸಿದ ಹೆಂಗಸರು ಬಹಳ. ಆದರೆ ನಾವು ಆಧರಿಸುವ ಬ್ರಿಟಿಷ್ ಪ್ರಯೋಗದ 87 ಜನರಲ್ಲಿ ಹೆಂಗಸರು 21 ಮಂದಿ ಮಾತ್ರ. ನಮ್ಮಲ್ಲಿ ದ್ರವ ಆಮ್ಲಜನಕ ಮನೆಗಳಿಗೆ ಇಳಿಯಲೇ ಇಲ್ಲ. ಪೋರ್ಟಬಲ್ ಯಂತ್ರ ಸಾಮಾನ್ಯವಾಗಿ ಲಕ್ಷ ರೂಪಾಯಿ ದಾಟುತ್ತದೆ. ಹೀಗಾಗಿ ಬಾಡಿಗೆಯ ‘ಬಿ ಟೈಪ್’ ಸಿಲಿಂಡರೇ ಇನ್ನೂ ಆಸರೆ. ಹತ್ತು ಲೀಟರ್ ಗಾತ್ರದ ಅದರಲ್ಲಿ ಒತ್ತಿಟ್ಟ ಅನಿಲ ಸುಮಾರು 1500 ಲೀಟರ್, ನಿಮಿಷಕ್ಕೆ 2 ಲೀಟರಿನಂತೆ ಹನ್ನೆರಡೂವರೆ ಗಂಟೆ. ಕೈಯಲ್ಲಿ ಹಿಡಿಯುವ ಎರಡು ಲೀಟರಿನ ಅಲ್ಯೂಮಿನಿಯಂ ಸಿಲಿಂಡರ್ ಎರಡೂವರೆ ಗಂಟೆ ಬರುತ್ತದೆ. ಗುಕ್ಕಿನ ಕವಾಟ ಜೋಡಿಸಿದರೆ ಅದರ ದುಪ್ಪಟ್ಟು, ಕೆಲವೊಮ್ಮೆ ಇನ್ನೂ ಹೆಚ್ಚು. ಡಯಾಲಿಸಿಸ್‌ಗೋ ಮದುವೆಗೋ ಹೋಗಿಬರಲು ಇದು ಸಾಕು, ಯಂತ್ರದ ಬೆಲೆಯ ಒಂದು ಚೂರಿಗೆ ಸಿಗುತ್ತದೆ. ನನ್ನನ್ನು ಕೇಳಿದರೆ ಲಕ್ಷ ಸುರಿಯುವ ಮೊದಲು ಇದನ್ನೇ ನೋಡಬೇಕು.

2021ರ ಏಪ್ರಿಲ್-ಮೇ ತಿಂಗಳಲ್ಲಿ ಕೋವಿಡ್ ನಡುವೆ ಕಾನ್ಸನ್‌ಟ್ರೇಟರ್ ಎಂಬ ಪದ ಹಳ್ಳಿಹಳ್ಳಿಗೂ ತಲುಪಿತು. ಮೇ ಒಂದರಂದು ಸ್ವಂತ ಬಳಕೆಗೆ ತರಿಸುವ ಯಂತ್ರದ ಮೇಲಿನ ತೆರಿಗೆಯನ್ನು ಶೇ 28ರಿಂದ 12ಕ್ಕೆ ಇಳಿಸಲಾಯಿತು. ದಾನಿಗಳು, ಹೊರದೇಶದ ಕನ್ನಡಿಗರು ಸೇರಿದಂತೆ, ರಾಶಿಗಟ್ಟಲೆ ಕಳಿಸಿದರು. ಅಲೆ ಇಳಿದ ಮೇಲೆ ಅವುಗಳಲ್ಲಿ ಹಲವು ಸೆಕೆಂಡ್‌ಹ್ಯಾಂಡ್ ಮಾಲಾಗಿ ದಮ್ಮಿನ ರೋಗಿಗಳ ಮನೆ ಸೇರಿದವು. ಒಳ್ಳೆಯದೇ ಆಯಿತು, ಆದರೆ ಜಿಯೋಲೈಟ್ ನೀರಾವಿಗೆ ಸೋಲುವ ವಸ್ತು. ಮಳೆಗಾಲದ ಮಂಗಳೂರಿನಲ್ಲೋ ಆಗುಂಬೆಯಲ್ಲೋ ತಿಂಗಳುಗಟ್ಟಲೆ ಸುಮ್ಮನೆ ಬಿದ್ದ ಯಂತ್ರದ ಕಾಳು ತೇವ ಕುಡಿದಿರುತ್ತದೆ. ಗಾಜಿನ ಕೊಳವೆಯ ಚೆಂಡು ಐದಕ್ಕೆ ನಿಂತೇ ಇರುತ್ತದೆ, ಬರುವ ಗಾಳಿಯಲ್ಲಿ ಆಮ್ಲಜನಕ ಮಾತ್ರ ಅರವತ್ತೋ ಎಪ್ಪತ್ತೋ. ಚೆಂಡು ಹೇಳುವುದು ಹರಿವನ್ನು, ಶುದ್ಧತೆಯನ್ನಲ್ಲ. ಅದಕ್ಕೆ ಅನಲೈಸರ್ ಹಿಡಿದೇ ನೋಡಬೇಕು. ಬೆರಳಿನ ಪಲ್ಸಾಕ್ಸಿಮೀಟರನ್ನೂ ಕಣ್ಣುಮುಚ್ಚಿ ನಂಬುವಂತಿಲ್ಲ. ಅದು 92ರಿಂದ 96 ತೋರಿಸುತ್ತಿದ್ದಾಗಲೂ ರಕ್ತದಲ್ಲಿ 88ಕ್ಕಿಂತ ಕಡಿಮೆ ಇದ್ದ ಪ್ರಸಂಗಗಳು ಕಪ್ಪು ಚರ್ಮದವರಲ್ಲಿ ಬಿಳಿಯರಿಗಿಂತ ಸುಮಾರು ಮೂರು ಪಟ್ಟು ಎಂದು 2020ರ ಅಮೆರಿಕನ್ ಅಧ್ಯಯನ ತೋರಿಸಿದೆ.

ಕೋವಿಡ್ಡಿನ ಅದೇ ದಿನಗಳಲ್ಲಿ ಬೆಂಗಳೂರಿನ ಡೆಬೆಲ್ ಎಂಬ ಡಿಆರ್‌ಡಿಒ ಪ್ರಯೋಗಾಲಯದ ಎರಡು ಕೆಲಸಗಳು ಹೊರಬಂದವು. ತೇಜಸ್ ಯುದ್ಧವಿಮಾನದ ಪೈಲಟ್‌ಗೆ ಹಾರಾಟದಲ್ಲೇ ಆಮ್ಲಜನಕ ತಯಾರಿಸಿ ಕೊಡುವ ತಂತ್ರವನ್ನು ಹಿಗ್ಗಿಸಿ ನಿಮಿಷಕ್ಕೆ 1000 ಲೀಟರ್ ಕೊಡುವ ಆಸ್ಪತ್ರೆ ಘಟಕ ಮಾಡಿದ್ದು ಒಂದು. ಮೂಲ ತತ್ವ ಸ್ಕಾರ್‌ಸ್ಟ್ರೋಮ್‌ನದೇ. ಎರಡನೆಯದು ನಮ್ಮ ವಿಷಯಕ್ಕೆ ಹತ್ತಿರ. ಅತಿ ಎತ್ತರದ ಗಡಿಯಲ್ಲಿರುವ ಸೈನಿಕರಿಗೆಂದು ರೂಪಿಸಿದ ‘ಆಕ್ಸಿಕೇರ್’ ಬೆರಳಿನ ಸಂವೇದಕ ಕೊಡುವ ಅಂಕೆ ನೋಡಿ ಆಮ್ಲಜನಕದ ಹರಿವನ್ನು ತಾನೇ ಏರಿಸುತ್ತದೆ, ಇಳಿಸುತ್ತದೆ. 2021ರ ಮೇ ತಿಂಗಳಲ್ಲಿ ಪಿಎಂ ಕೇರ್ಸ್ ನಿಧಿಯಿಂದ ಒಂದೂವರೆ ಲಕ್ಷ ಆಕ್ಸಿಕೇರ್‌ಗಳನ್ನು ಕೊಳ್ಳಲು ಮಂಜೂರಾತಿ ಸಿಕ್ಕಿತು; ಅವುಗಳಲ್ಲಿ 50,000 ಸ್ವಯಂಚಾಲಿತ ಮಾದರಿಯವು. ಕೆನಡಾದ ಕ್ವಿಬೆಕ್‌ನಲ್ಲೂ ಡೆನ್ಮಾರ್ಕ್‌ನಲ್ಲೂ ಸಿಒಪಿಡಿ ರೋಗಿಗಳಿಗೆಂದೇ ಇದೇ ಜಾತಿಯ ಯಂತ್ರಗಳನ್ನು ಪರೀಕ್ಷಿಸಿದ್ದಾರೆ; ನರ್ಸ್ ಕೈಯಿಂದ ತಿರುಗಿಸುವುದಕ್ಕಿಂತ ಹೆಚ್ಚು ಹೊತ್ತು ರೋಗಿಯನ್ನು ಗುರಿಯ ಮಟ್ಟದಲ್ಲಿ ಅವು ಹಿಡಿದಿಡುತ್ತವೆ. ನಡೆದಾಗ ಹೆಚ್ಚು, ಕೂತಾಗ ಕಡಿಮೆ, ನಿದ್ದೆಯಲ್ಲಿ ಇನ್ನೊಂದು ಮಟ್ಟ ಎಂದು ದಿನವಿಡೀ ಬದಲಾಗುವ ಅಗತ್ಯಕ್ಕೆ ಒಂದೇ ಅಂಕೆಯ ಚೀಟಿ ಬರೆದುಕೊಡುವ ಪದ್ಧತಿ ಇದರಿಂದ ಹೋಗಬಹುದು. ಅದಕ್ಕೆ ಎರಡು ಕೆಲಸ ಬಾಕಿಯಿವೆ: ಕಪ್ಪು ಬೆರಳನ್ನೂ ಸರಿಯಾಗಿ ಓದುವ ಸಂವೇದಕ, ಮತ್ತು ಈ ಬುದ್ಧಿಯನ್ನು ಎರಡು ಕಿಲೋದ ಪೆಟ್ಟಿಗೆಯೊಳಗೆ ಕೂರಿಸುವುದು.