ಹನ್ನೆರಡು ವರ್ಷ ಕೂತರೆ ಜಾಗ ನಮ್ಮದೇ?

ವಿದ್ಯಾನಗರದಲ್ಲಿ ಜಿಲ್ಲಾ ನ್ಯಾಯಾಲಯ ಇರುವುದರಿಂದ ಜಾಗದ ತಕರಾರಿನ ಮಾತು ನಮ್ಮ ಕಿವಿಗೆ ಬೀಳುತ್ತಲೇ ಇರುತ್ತದೆ. "ಹನ್ನೆರಡು ವರ್ಷ ಕೂತರೆ ಜಾಗ ನಮ್ಮದೇ" ಎಂಬ ನಂಬಿಕೆ ಬಹಳ ಜನರಿಗಿದೆ. 1963ರ ಕಾಲಮಿತಿ ಕಾಯಿದೆಯಲ್ಲಿ 12 ವರ್ಷ ಎಂದಿರುವುದು ನಿಜ, ಸರಕಾರಿ ಜಾಗಕ್ಕಾದರೆ 30. ಆದರೆ ಕುಟುಂಬದ ಆಸ್ತಿಯ ಲೆಕ್ಕವೇ ಬೇರೆ.

ಪಿತ್ರಾರ್ಜಿತ ಎನ್ನೋಣವೆಂದರೆ ನಮ್ಮೂರಿನ ಅಳಿಯಸಂತಾನದ ಮನೆತನಗಳಲ್ಲಿ ಆಸ್ತಿ ಬಂದದ್ದು ತಾಯಿಯ ಕಡೆಯಿಂದ! ಹಿಂದೆ ಎಲ್ಲರೂ ಒಪ್ಪದೆ ಪಾಲು ಇರಲಿಲ್ಲ, ಯಜಮಾನನೇ ನೋಡಿಕೊಳ್ಳುತ್ತಿದ್ದ. 1949ರ ಮದರಾಸು ಅಳಿಯಸಂತಾನ ಕಾಯಿದೆ ಕವರುಗಳಿಗೆ, ಅಂದರೆ ತಾಯಿವಳಿಯ ಕವಲುಗಳಿಗೆ, ಪಾಲು ಕೇಳುವ ಹಕ್ಕು ಕೊಟ್ಟಿತು. 1956ರಲ್ಲಿ ನಾವು ಕೇರಳಕ್ಕೆ ಸೇರಿದೆವು. ಕೇರಳದ ಕಾಯಿದೆಯಿಂದ 1976ರ ಡಿಸೆಂಬರ್ 1ರಂದು ಅವಿಭಕ್ತ ಕುಟುಂಬವೇ ರದ್ದಾಯಿತು. ಸದಸ್ಯರೆಲ್ಲ ತಮ್ಮ ತಮ್ಮ ಪಾಲಿನ ಒಡೆಯರಾದರು.

ಕಾಗದದಲ್ಲಿ ಪಾಲಾಗದ ಮನೆಗಳಲ್ಲೇ ತೊಡಕು. ತರವಾಡಿನಲ್ಲಿ ಉಳಿದವರು ತೀರ್ವೆ ಕಟ್ಟುತ್ತಾರೆ, ಅಡಿಕೆ ಕೊಯ್ಯುತ್ತಾರೆ, ಅಕ್ಕ ಮುಂಬಯಿಯಲ್ಲಿ. ಸಹಪಾಲುದಾರನೊಬ್ಬನ ಸ್ವಾಧೀನ ಎಲ್ಲರ ಸ್ವಾಧೀನವೇ ಎಂಬುದು ಲಕ್ಷ್ಮೀರೆಡ್ಡಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಎತ್ತಿಹಿಡಿದ ತತ್ವ. "ನಿನಗೆ ಇಲ್ಲಿ ಹಕ್ಕಿಲ್ಲ" ಎಂದು ಅಕ್ಕನಿಗೆ ತಿಳಿಯುವಂತೆ ನಿರಾಕರಿಸಿ, ಹಾಗೆಯೇ ಅನುಭವಿಸಿಕೊಂಡು ಬಂದಿರಬೇಕು. 12 ವರ್ಷದ ಎಣಿಕೆ ಶುರುವಾಗುವುದು ಅಲ್ಲಿಂದ. ತೀರ್ವೆ ರಶೀದಿಯ ಕಟ್ಟೊಂದೇ ಸಾಲದು. ಅಂಥ ಮಾತು ಎಂದೂ ಆಡಿರದ ಮನೆಗಳಲ್ಲಿ ಇಂದಿಗೂ ಪಾಲುಪತ್ರಕ್ಕೆ ಅಕ್ಕನ ರುಜು ಬೇಕು.