ಹೆಸರಿಲ್ಲದವರು ಅಂದವರು ಯಾರು?

ನಮ್ಮ ದುದ್ದ ಹೋಬಳಿಯ ಒಂದೂರಿನ ಮಾರಿಹಬ್ಬದ ಹ್ಯಾಂಡ್‌ಬಿಲ್ಲು ನನ್ನ ಮುಂದಿದೆ. ಗುಲಾಬಿ ಬಣ್ಣದ ಕಾಗದ, ಮೇಲೆ ಅಮ್ಮನ ಪಟ. ಅದರ ಕೆಳಗೆ ಸಾನ್ನಿಧ್ಯ, ಅಧ್ಯಕ್ಷತೆ, ಉದ್ಘಾಟನೆ. ಆಮೇಲೆ ಹೂವಿನ ಅಲಂಕಾರ ಮಾಡಿಸಿದವರು, ಅನ್ನಸಂತರ್ಪಣೆಗೆ ಅಕ್ಕಿ ಕೊಟ್ಟವರು, ಮದ್ದು ಸುಡಿಸಿದವರು. ಎಲ್ಲರ ಹೆಸರೂ ಇದೆ, ಅವರವರ ಅಪ್ಪನ ಹೆಸರಿನ ಸಮೇತ. ಮೈಕ್‌ಸೆಟ್ಟಿನವನ ಹೆಸರೂ ಇದೆ, ಫೋನ್ ನಂಬರೂ ಇದೆ. ಕಟ್ಟಕಡೆಗೆ ಒಂದೇ ಸಾಲು: "ಪೂಜಾ ಕುಣಿತ ಹಾಗೂ ತಮಟೆ ವಾದ್ಯ ಇರುತ್ತದೆ."

ಇರುತ್ತದೆ! ಚಂದ್ರ ಇರುತ್ತದೆ, ಇಬ್ಬನಿ ಇರುತ್ತದೆ ಅನ್ನೋ ಹಾಗೆ. ಬಿದಿರಿನ ಸೀಳು ಕಟ್ಟಿ, ರೇಷ್ಮೆ ಸೀರೆ ನೆರಿಗೆ ಹಿಡಿದು, ನಡುವೆ ಅಮ್ಮನ ಮುಖ ಕೂರಿಸಿ, ಐದಾರು ಅಡಿ ಎತ್ತರದ ಆ ಪೂಜೆಯನ್ನು ತಲೆ ಮೇಲೆ ಹೊತ್ತು ಎರಡೂ ಕೈ ಬಿಟ್ಟು ಬೆಳಗಾಗುವ ತನಕ ಕುಣಿದವನು ಯಾರು? ಆ ಬಿದಿರು ಸೀಳಿದ್ದು ಯಾರ ಕತ್ತಿ? ತಮಟೆಗೆ ತೊಗಲು ಬಿಗಿದ ಕೈ ಯಾವುದು? ಹ್ಯಾಂಡ್‌ಬಿಲ್ಲಿಗೆ ಅದು ಬೇಕಿಲ್ಲ.

ಬರೆದುಕೊಟ್ಟ ಯಾವನೋ ಹುಡುಗನ ಮರೆವು ಎಂದು ಇದನ್ನು ಬಿಟ್ಟುಬಿಡಬಹುದಿತ್ತು. ಆದರೆ ದಪ್ಪ ದಪ್ಪ ಕಲಾಚರಿತ್ರೆಯ ಪುಸ್ತಕಗಳೂ ಇದೇ ವ್ಯಾಕರಣದಲ್ಲಿ ಬರೆದಿವೆ. ಅರಮನೆಯ ಚಿತ್ರಕ್ಕೆ ಕಲಾವಿದ ಇರುತ್ತಾನೆ, ಹಟ್ಟಿಯ ಕೆಲಸಕ್ಕೆ 'ಪರಂಪರೆ' ಇರುತ್ತದೆ. ನಾನು ಕಂಡ ಒಂದು ವಸ್ತುಸಂಗ್ರಹಾಲಯದಲ್ಲಿ ಗಾಜಿನ ಪೆಟ್ಟಿಗೆಯೊಳಗೆ ಒಂದು ತಮಟೆ ಇಟ್ಟಿದ್ದರು. ಪಕ್ಕದ ಚೀಟಿಯಲ್ಲಿ "ಚರ್ಮವಾದ್ಯ, ಮಂಡ್ಯ ಜಿಲ್ಲೆ" ಅಂತಿತ್ತು. ಜಿಲ್ಲೆ ಕೂತು ತಮಟೆ ಬಿಗಿದ ಹಾಗೆ!

ಜನಪದಕ್ಕೆ ಕರ್ತೃವಿಲ್ಲ ಎಂಬ ಮಾತನ್ನು ನಾವೆಲ್ಲ ಪರೀಕ್ಷೆಗೆ ಉರು ಹೊಡೆದವರೇ. ಜರ್ಮನಿಯ ಗ್ರಿಮ್ ಸೋದರರ ಕಾಲದಿಂದ ಬಂದ ಮಾತು ಅದು. ಹಾಡು ಕಥೆಗಳನ್ನು ಇಡೀ ಜನ ಸೇರಿ ಕಟ್ಟುತ್ತಾರೆ, ಒಬ್ಬನ ಹೆಸರು ಹೇಳಲಾಗದು ಎಂದು. ನಮ್ಮ ಕಡೆ ಆನಂದ ಕುಮಾರಸ್ವಾಮಿಯವರು 1909ರಲ್ಲಿ ಭಾರತದ ಕುಶಲಕರ್ಮಿಯ ಮೇಲೆ ಪುಸ್ತಕ ಬರೆದರು. ಇಂಗ್ಲೆಂಡಿನ ಕಾರ್ಖಾನೆ ಮಾಲಿನ ಎದುರು ನಮ್ಮ ಕೈಗೆಲಸದ ಪರ ನಿಂತವರು, ಆ ಋಣ ಮರೆಯಬಾರದು. ಆದರೆ ತನ್ನ ಹೆಸರು ಹೇಳಿಕೊಳ್ಳದಿರುವುದೇ ಸಂಪ್ರದಾಯಸ್ಥ ಕಲಾವಿದನ ಹಿರಿಮೆ ಎಂದು ಅವರು ನಂಬಿದರು. ಜಾತಿಕಸುಬಿನಲ್ಲಿ ಅವರಿಗೆ ಒಂದು ಸಾಮರಸ್ಯ ಕಂಡಿತು. ಕಸುಬು ಮಾಡುವವನಿಗೂ ಹಾಗೇ ಕಂಡಿತ್ತೇ ಎಂದು ಕೇಳುವವರು ಆಗ ಇರಲಿಲ್ಲ.

ಈಗ ದುದ್ದದಿಂದ ಬಹಳ ದೂರ ಹೋಗಬೇಕಾಗಿಲ್ಲ. ನಮ್ಮ ತಾಲ್ಲೂಕಿನದೇ ಬಸರಾಳಿನಲ್ಲಿ ಮಲ್ಲಿಕಾರ್ಜುನ ಗುಡಿ ಇದೆ. ಹೊಯ್ಸಳ ಇಮ್ಮಡಿ ನರಸಿಂಹನ ಕಾಲದಲ್ಲಿ, 1234ರ ಸುಮಾರಿಗೆ, ಹರಿಹರ ದಣ್ಣಾಯಕ ಕಟ್ಟಿಸಿದ್ದು. ಕಟ್ಟಿಸಿದವನ ಹೆಸರು ಉಳಿದಿರುವುದರಲ್ಲಿ ಆಶ್ಚರ್ಯವೇನಿಲ್ಲ. ಬನ್ನೂರಿನ ಆಚೆ ಅದೇ ಶತಮಾನದ ಸೋಮನಾಥಪುರಕ್ಕೆ ಹೋಗಿ ನೋಡಿ. ಅಲ್ಲಿ ವಿಗ್ರಹಗಳ ಪೀಠದಲ್ಲಿ ಕೆತ್ತಿದವರ ಹೆಸರೇ ಇವೆ. ಆರ್. ನರಸಿಂಹಾಚಾರ್ಯರು 1917ರಲ್ಲಿ ಆ ಗುಡಿಯ ಮೇಲೆ ಪುಸ್ತಕ ತಂದಾಗ ಅವನ್ನು ಓದಿ ಪಟ್ಟಿ ಮಾಡಿದರು. ಮಲ್ಲಿತಮ್ಮ, ಮಸಣಿತಮ್ಮ, ಚೌಡಯ, ನಂಜಯ, ಬಾಮಯ. ಮಲ್ಲಿತಮ್ಮನೊಬ್ಬನದೇ ನಲವತ್ತರ ಹತ್ತಿರ. ಬೇಲೂರಿನಲ್ಲಂತೂ ಬಳ್ಳಿಗಾವೆಯಿಂದ ಬಂದ ದಾಸೋಜ, ಅವನ ಮಗ ಚಾವಣ ಇಬ್ಬರೂ ರುಜು ಹಾಕಿದ್ದಾರೆ, ಅಪ್ಪ ಮಗ ಯಾವೂರಿನವರು ಎಂಬುದೂ ಸಿಕ್ಕುತ್ತದೆ.

ಈ ಹೆಸರುಗಳನ್ನು ಮೊದಲ ಸಲ ಓದಿದಾಗ ನನಗೆ ನಗು ಬಂತು. ಮಸಣ, ಚೌಡ, ನಂಜ. ನಮ್ಮ ಕೇರಿಯ ಹಾಜರಿ ಪುಸ್ತಕ ಓದಿದ ಹಾಗಿತ್ತು. ಹೆಸರು ಒಂದೇ ಆದ ಮಾತ್ರಕ್ಕೆ ಜಾತಿ ಒಂದೇ ಎಂದು ನಾನೇನೂ ಹೇಳುತ್ತಿಲ್ಲ. ನನ್ನ ತಕರಾರು ಇಷ್ಟೇ: ಏಳುನೂರೈವತ್ತು ವರ್ಷದ ಹಿಂದೆಯೇ ಕೈಗೆಲಸದವನು ತನ್ನ ಕೆಲಸದ ಮೇಲೆ ಹೆಸರು ಕೆತ್ತಿದ. ಹೆಸರು ಬೇಡ ಅನ್ನುವುದು ಈ ನೆಲದ ಕೈಗಳ ಸ್ವಭಾವವಾಗಿದ್ದರೆ ಮಲ್ಲಿತಮ್ಮ ಯಾಕೆ ಅಷ್ಟು ಸಲ ಉಳಿ ಹಿಡಿದು ತನ್ನ ಹೆಸರು ಕೊರೆದ?

ಅವನು ಕೊರೆಯಬಲ್ಲವನಾಗಿದ್ದ, ಯಾಕೆಂದರೆ ಅವನಿಗೆ ಅಕ್ಷರ ಇತ್ತು, ಕಲ್ಲು ಕೈಲಿತ್ತು. ಕೂಲಿಗೆ ಕರೆಸಿಕೊಂಡವರು ಅವನ ಹೆಸರು ಹಿಡಿದು ಕರೆಸಿಕೊಂಡಿದ್ದರು. ತಮಟೆಯವನನ್ನು ಹಾಗೆ ಯಾರೂ ಕರೆಸಲಿಲ್ಲ. ಅವನು ಬರಲೇಬೇಕಿತ್ತು. ಹಬ್ಬಕ್ಕೆ ಬಡಿ, ಹೆಣಕ್ಕೆ ಬಡಿ, ಊರಿಗೆ ಸಾರು. ಸುಗ್ಗಿಯಲ್ಲಿ ಕಣದ ಅಂಚಿಗೆ ನಿಂತರೆ ಒಂದು ಮೊರ ರಾಗಿ. ಅದು ಕಲೆಯಾಗಿರಲಿಲ್ಲ, ಬಿಟ್ಟಿಚಾಕರಿಯಾಗಿತ್ತು. ಚಾಕರಿಯವನಿಗೆ ಸರದಿ ಇರುತ್ತದೆ, ರುಜು ಇರುವುದಿಲ್ಲ. ವಂಶಪಾರಂಪರ್ಯದ ಗ್ರಾಮಾಧಿಕಾರಗಳನ್ನು ರದ್ದು ಮಾಡುವ ಕಾಯ್ದೆ 1961ರಲ್ಲಿ ಬಂತು. ತೋಟಿ, ತಳವಾರ, ನೀರಗಂಟಿ ಎಲ್ಲ ಕಾಗದದಲ್ಲಿ ಹೋದವು. ಕೇರಿಯ ಬಾಗಿಲಿಗೆ ಬಂದು "ಲೇ, ಬಾರೋ" ಅನ್ನುವುದು ಕಾಯ್ದೆ ಓದಿ ನಿಲ್ಲಲಿಲ್ಲ.

ಈ ಚಾಕರಿಯೊಳಗೆ ಎಷ್ಟು ವಿದ್ಯೆ ಹುದುಗಿತ್ತು ಎಂಬುದನ್ನು ನಾನು ಹೇಳಲೇಬೇಕು. ಕಲಾವಿಮರ್ಶಕರು 'ಸ್ವಯಂಕಲಿತ' ಎಂದು ಒಂದು ಪದ ಬಳಸುತ್ತಾರೆ. ಗುರುವಿಲ್ಲದೆ, ಶಾಲೆಯಿಲ್ಲದೆ ತಾನೇ ಕಲಿತವನು ಎಂದು. ಹೊಗಳಿಕೆಯ ಮಾತು ಅಂದುಕೊಂಡೇ ಹೇಳುತ್ತಾರೆ. ನನ್ನ ಕಣ್ಣಾರೆ ಕಂಡದ್ದನ್ನು ಹೇಳುತ್ತೇನೆ. ಕರುವಿನ ತೊಗಲನ್ನು ಸುಣ್ಣದ ನೀರಲ್ಲಿ ನೆನೆಹಾಕಿ ಕೂದಲು ಹೆರೆಯಬೇಕು. ಎಷ್ಟು ದಿನ ನೆನೆಯಬೇಕೆಂಬುದು ಬಿಸಿಲಿನ ಮೇಲೆ ಹೋಗುತ್ತದೆ. ಹೆಚ್ಚು ಹೆರೆದರೆ ತೊಗಲು ತೂತು, ಕಡಿಮೆಯಾದರೆ ಸದ್ದು ಮೊದ್ದು. ಮರದ ಬಳೆಗೆ ಹುಣಸೆಬೀಜದ ಅಂಟು ಹಚ್ಚಿ ಹಸಿ ತೊಗಲನ್ನು ಎಳೆದು ಕೂರಿಸಬೇಕು. ಆ ಬೀಜ ಹುರಿದು, ಸಿಪ್ಪೆ ಬಿಡಿಸಿ, ಅರೆದು, ಗಂಟು ಕಟ್ಟದ ಹಾಗೆ ಕಾಯಿಸುತ್ತಿದ್ದವಳು ನಮ್ಮ ಮನೆಯಲ್ಲಿ ಅವ್ವ. ಒಂದು ಗಳಿಗೆ ಹೆಚ್ಚು ಕಾದರೆ ಅಂಟು ಹಿಡಿಯದು ಎಂದು ಒಲೆ ಬಿಟ್ಟು ಏಳುತ್ತಿರಲಿಲ್ಲ. ಒಣಗಿದ ಮೇಲೆ ಹುಲ್ಲಿನ ಬೆಂಕಿಗೆ ಹಿಡಿದು ಕಾಯಿಸುವುದು, ಕಿವಿ ಹತ್ತಿರ ತಂದು ಬೆರಳಲ್ಲಿ ಮೀಟಿ ನೋಡುವುದು, ಮತ್ತೆ ಬೆಂಕಿಗೆ ಹಿಡಿಯುವುದು. ಬಲಗೈಗೆ ಗುಂಡು ಕಡ್ಡಿ, ಎಡಗೈಗೆ ತೆಳು ಕಡ್ಡಿ. ಹೆಣದ ಮುಂದಿನ ಗತ್ತು ಬೇರೆ, ಅಮ್ಮನನ್ನು ಮೈಮೇಲೆ ಬರಿಸುವ ಗತ್ತು ಬೇರೆ. ಕತ್ತಲೆಯಲ್ಲಿ ಮನೆಯೊಳಗೆ ಮಲಗಿದ್ದವನಿಗೂ ಊರಲ್ಲಿ ಏನಾಗಿದೆ ಅಂತ ತಿಳಿಯುತ್ತಿತ್ತು.

ಇದನ್ನೆಲ್ಲ ಯಾವನಾದರೂ ತಾನೇ ಕಲಿತನೇ? ಅಪ್ಪ ಕಲಿಸಿದ, ಅವ್ವ ಕಲಿಸಿದಳು, ತಪ್ಪು ಬಡಿದಾಗ ಮೊಣಕಾಲಿಗೆ ಕಡ್ಡಿಯಲ್ಲೇ ಒಂದು ಬಿತ್ತು. ಮೈಸೂರಿನಲ್ಲಿ 1906ರಲ್ಲಿ ಚಾಮರಾಜೇಂದ್ರರ ಹೆಸರಿನ ತಾಂತ್ರಿಕ ಶಾಲೆಗೆ ಅಡಿಗಲ್ಲು ಬಿತ್ತಲ್ಲ, ಅಲ್ಲಿ ಕಲಿತರೆ ಕಲಿತವನು. ಕೇರಿಯಲ್ಲಿ ಹತ್ತು ತಲೆಮಾರು ಕಲಿಸಿದರೂ 'ಸ್ವಯಂಕಲಿತ'. ಆ ಪದ ಕಲಿತವನ ಬಗ್ಗೆ ಏನನ್ನೂ ಹೇಳುವುದಿಲ್ಲ. ನಮ್ಮ ಅಪ್ಪ ಅವ್ವನನ್ನು ಮೇಷ್ಟ್ರು ಎಂದು ಒಪ್ಪಿಕೊಳ್ಳಲು ಹೇಳುವವನಿಗೆ ಮನಸ್ಸಿಲ್ಲ ಎಂಬುದನ್ನು ಮಾತ್ರ ಹೇಳುತ್ತದೆ.

ಪಕ್ಕದ ನಾಗಮಂಗಲ ಸೀಮೆಯ ತೊಗಲುಗೊಂಬೆಯವರ ಕಥೆಯೂ ಇದಕ್ಕೆ ಹತ್ತಿರದ್ದೇ. ಆಡಿನ ತೊಗಲನ್ನು ದೀಪದ ಬೆಳಕು ದಾಟುವಷ್ಟು ತೆಳ್ಳಗೆ ಮಾಡಿ, ಉಳಿಯಿಂದ ಚುಕ್ಕಿ ಚುಕ್ಕಿ ಕೊರೆದು, ಬಣ್ಣ ತುಂಬಿ, ಪರದೆ ಹಿಂದೆ ರಾತ್ರಿಯಿಡೀ ರಾಮಾಯಣ ಆಡಿಸುವ ಕಿಳ್ಳೇಕ್ಯಾತರು. ಈ ಗೊಂಬೆಗಳಲ್ಲಿ ಒಂದು ಲೆಕ್ಕ ಇದೆ, ಗಮನಿಸಬೇಕು. ರಾಜರು ದೇವರು ದೊಡ್ಡ ಗೊಂಬೆ, ಆಳುಕಾಳು ಸಾಮಾನ್ಯರು ಸಣ್ಣ ಗೊಂಬೆ. ಪರದೆಯ ಮೇಲೂ ವ್ಯವಸ್ಥೆ ಅಳತೆಗೋಲು ಹಿಡಿದೇ ನಿಂತಿದೆ. ಆದರೆ ಆಟ ಶುರುವಾಗುತ್ತಿದ್ದ ಹಾಗೆ ಕರೀ ಮೈಯ ಕಿಳ್ಳೇಕ್ಯಾತ, ಅವನ ಹೆಂಡತಿ ಬಂಗಾರಕ್ಕ ಬಂದು ಎಲ್ಲರೆದುರು ಆಡಬಾರದ್ದನ್ನು ಆಡಿ ದೊಡ್ಡವರ ಮಾನ ಹರಾಜು ಹಾಕುತ್ತಾರೆ. ಸಮುದಾಯಕ್ಕೆ ಹೆಸರು ಬಂದದ್ದು ಆ ಕೋಡಂಗಿಯಿಂದ, ರಾಮನಿಂದಲ್ಲ. ಗೊಂಬೆ ಕೊರೆದವನು ರುಜು ಹಾಕದಿದ್ದರೂ ತನ್ನ ಕಡೆಯವನೊಬ್ಬನನ್ನು ಪರದೆಗೆ ಹತ್ತಿಸಿದ್ದ ಅಂತ ನನಗನ್ನಿಸುತ್ತದೆ. ಇದು ನನ್ನ ಊಹೆ, ಪಂಡಿತರು ಒಪ್ಪದಿರಬಹುದು.

ಈ ಗೊಂಬೆಗಳನ್ನು ಹುಡುಕಿ ಅಲೆದು ಕೂಡಿಹಾಕಿದವರು ಎಂ.ಎಸ್. ನಂಜುಂಡರಾಯರು, 1960ರಲ್ಲಿ ಬೆಂಗಳೂರಿನಲ್ಲಿ ಚಿತ್ರಕಲಾ ಪರಿಷತ್ತು ಕಟ್ಟಿದವರು. ನಮ್ಮ ನಾಗಮಂಗಲ ಸೀಮೆಯವರೇ ಆದ ಜೀ.ಶಂ. ಪರಮಶಿವಯ್ಯನವರು ಮೈಸೂರು ವಿಶ್ವವಿದ್ಯಾನಿಲಯದ ಜಾನಪದಕ್ಕೆ, ಎಚ್.ಎಲ್. ನಾಗೇಗೌಡರು ರಾಮನಗರದ ಜಾನಪದ ಲೋಕಕ್ಕೆ ಜೀವ ತೇದರು. ಇವರು ಇಲ್ಲದಿದ್ದರೆ ಎಷ್ಟೋ ಗೊಂಬೆ ಒಲೆಗೆ ಹೋಗುತ್ತಿತ್ತು, ಎಷ್ಟೋ ಹಾಡು ಮಣ್ಣಾಗುತ್ತಿತ್ತು. ಕೂಡಿಹಾಕಿದವರ ಹೆಸರು ಉಳಿಯಲಿ, ಉಳಿಯಬೇಕು. ಕೊಟ್ಟವರದ್ದೂ ಮಾಡಿದವರದ್ದೂ ಅದೇ ದಪ್ಪ ಅಕ್ಷರದಲ್ಲಿ ಉಳಿಯಬೇಕು ಎಂಬುದಷ್ಟೇ ಜಗಳ.

ಹೊರಗಿನ ಲೋಕದಲ್ಲೂ ಈ ಜಗಳ ನಡೆದಿದೆ. ಫ್ರಾನ್ಸಿನ ದ್ಯುಬುಫೆ ಎಂಬ ಕಲಾವಿದ 1945ರಿಂದ ಹುಚ್ಚಾಸ್ಪತ್ರೆ, ಜೈಲುಗಳಲ್ಲಿ ಚಿತ್ರ ಬರೆಯುತ್ತಿದ್ದವರ ಕೆಲಸ ಹುಡುಕಿ ಅದಕ್ಕೆ 'ಕಚ್ಚಾ ಕಲೆ' ಎಂಬರ್ಥದ ಹೆಸರು ಕೊಟ್ಟ. ಆ ಸಂಗ್ರಹ 1976ರಲ್ಲಿ ಸ್ವಿಟ್ಜರ್ಲೆಂಡಿನಲ್ಲಿ ಜನಕ್ಕೆ ತೆರೆಯಿತು. ಅದೇ ವರ್ಷ ಚಂಡೀಗಢದಲ್ಲಿ, ರಸ್ತೆ ಇನ್‌ಸ್ಪೆಕ್ಟರಾಗಿದ್ದ ನೇಕ್ ಚಂದ್ ಸರ್ಕಾರಿ ಜಾಗದಲ್ಲಿ ಕದ್ದುಮುಚ್ಚಿ ಒಡೆದ ಬಳೆ, ಹೆಂಚಿನ ಚೂರುಗಳಿಂದ ಕಟ್ಟಿದ್ದ ಕಲ್ಲಿನ ತೋಟವೂ ತೆರೆಯಿತು. ದೆಹಲಿಯಲ್ಲಿ 1998ರಲ್ಲಿ ಜ್ಯೋತೀಂದ್ರ ಜೈನ್ ಒಂದು ಪ್ರದರ್ಶನ ಮಾಡಿದರು. ಬುಡಕಟ್ಟಿನ, ಹಳ್ಳಿಯ ಐದು ಜನರನ್ನು 'ಮಧುಬನಿ', 'ವಾರ್ಲಿ' ಎಂಬ ಚೀಟಿಯ ಕೆಳಗೆ ತಳ್ಳದೆ, ಗಂಗಾದೇವಿ, ಜಿವ್ಯಾ ಸೋಮ ಮಶೆ, ಸೋನಾಬಾಯಿ, ನೀಲಮಣಿ ದೇವಿ, ಜನಗಢ ಸಿಂಗ್ ಶ್ಯಾಮ್ ಎಂದು ಹೆಸರಿಟ್ಟು ಕರೆದರು. ಅಷ್ಟು ಸರಳವಾದ ಕೆಲಸಕ್ಕೆ ಸ್ವಾತಂತ್ರ್ಯ ಬಂದು ಐವತ್ತೊಂದು ವರ್ಷ ಬೇಕಾಯಿತು.

ಹೆಸರು ಬಂದರೆ ಎಲ್ಲ ಬಂದ ಹಾಗಲ್ಲ. ಆ ಜನಗಢ ಗೋಂಡರ ಹಾಡುಗಾರ ಪರಧಾನರ ಹುಡುಗ. ಪಾಟನ್‌ಗಢದ ಗೋಡೆಯ ಮೇಲೆ ಅವನು ಬರೆದದ್ದನ್ನು ಕಂಡು ಕಲಾವಿದ ಸ್ವಾಮಿನಾಥನ್ ಭೋಪಾಲಕ್ಕೆ ಕರೆತಂದರು. 1989ರಲ್ಲಿ ಪ್ಯಾರಿಸ್ಸಿನ ದೊಡ್ಡ ಪ್ರದರ್ಶನದಲ್ಲಿ ಅವನ ಚಿತ್ರಗಳು ತೂಗಿದವು. 2001ರಲ್ಲಿ ಜಪಾನಿನ ಒಂದು ಸಂಗ್ರಹಾಲಯಕ್ಕೆ ಚಿತ್ರ ಬರೆಯಲು ಹೋದವನು ಅಲ್ಲೇ ನೇಣು ಹಾಕಿಕೊಂಡ. ಒಲ್ಲೆ ಎಂದು ಹೊರಟುಬರುವ ದಾರಿ ಅವನಿಗೆ ಕಂಡಿತ್ತೋ ಇಲ್ಲವೋ.

ಒಲ್ಲೆ ಅನ್ನುವ ಮಾತು ಬಂತಲ್ಲ, ನಮ್ಮ ತಮಟೆಗೆ ಮರಳೋಣ. 1970ರ ದಶಕದಲ್ಲಿ ದಲಿತ ಸಂಘಟನೆ ಹಳ್ಳಿಗೆ ಬಂದಾಗ ಕೇರಿಯ ಹುಡುಗರು ತಮಟೆ ಕೆಳಗಿಟ್ಟರು. ಹೆಣಕ್ಕೆ ಬಡಿಯುವುದಿಲ್ಲ, ಹಬ್ಬಕ್ಕೆ ಬಿಟ್ಟಿ ಬಡಿಯುವುದಿಲ್ಲ. ಊರು ಬಹಿಷ್ಕಾರ ಹಾಕಿತು, ಅಂಗಡಿಯಲ್ಲಿ ಬೆಂಕಿಪೊಟ್ಟಣ ಕೊಡಲಿಲ್ಲ, ಕೂಲಿ ನಿಂತಿತು. ಆಗ ಪಟ್ಟಣದ ಕೆಲವು ಪಂಡಿತರು "ಅಯ್ಯೋ, ಒಂದು ಜಾನಪದ ಕಲೆ ಸಾಯುತ್ತಿದೆ" ಎಂದು ಮರುಗಿದರು. ಬಡಿಯುವವನ ಬೆನ್ನು ಕಾಣದವರಿಗೆ ತಮಟೆಯ ಮೌನ ಮಾತ್ರ ಕೇಳಿಸಿತು. ಅದೇ ಹುಡುಗರು ಅದೇ ತಮಟೆಯನ್ನು ಜಾಥಾದ ಮುಂದೆ ಹಿಡಿದು, ಊರ ಮುಂದಿನ ರಸ್ತೆಯಲ್ಲೇ, ತಮಗೆ ಬೇಕಾದ ಗತ್ತಿನಲ್ಲಿ ಬಡಿದರು. ಬಡಿಯದಿರುವ ಹಕ್ಕು ಸಿಕ್ಕಿದ ಮೇಲೆ ಬಡಿದದ್ದು ಅದು. ಕಲೆಯಾಗಿ ತಮಟೆಯ ಚರಿತ್ರೆ ಬರೆಯುವವರು ಅಲ್ಲಿಂದ ಶುರು ಮಾಡಲಿ ಎಂದು ನನ್ನ ಆಸೆ.

ಚಿಕ್ಕಬಳ್ಳಾಪುರ ಸೀಮೆಯ ಪಿಂಡಿಪಾಪನಹಳ್ಳಿಯ ಮುನಿವೆಂಕಟಪ್ಪನವರಿಗೆ ತಮಟೆಗಾಗಿಯೇ 2023ರಲ್ಲಿ ಪದ್ಮಶ್ರೀ ಬಂತು. ಕೊಪ್ಪಳ ಕಡೆಯ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ ತೊಗಲುಗೊಂಬೆಗಾಗಿ 2025ರಲ್ಲಿ, ತೊಂಬತ್ತು ದಾಟಿದ ಮೇಲೆ. ಸಂತೋಷ. ಇಬ್ಬರ ಹೆಸರೂ ಪೇಪರಿನಲ್ಲಿ ಅಚ್ಚಾಯಿತು. ನಮ್ಮ ಹೋಬಳಿಯ ಹ್ಯಾಂಡ್‌ಬಿಲ್ಲು ಮಾತ್ರ ಇನ್ನೂ "ಇರುತ್ತದೆ" ಅನ್ನುತ್ತಿದೆ.

ಹೋದ ಸುಗ್ಗಿಯಲ್ಲಿ ಶಾಲೆಯ ಮಕ್ಕಳಿಗೆ ಒಂದು ನೋಟ್‌ಬುಕ್ ಕೊಟ್ಟು, ಊರಲ್ಲಿ ಕಣ್ಣಿಗೆ ಬಿದ್ದ ವಸ್ತು ಬರೆಯಿರಿ, ಎದುರಿಗೆ ಮಾಡಿದವರ ಹೆಸರು ಬರೆಯಿರಿ ಅಂದೆ. ಕುಕ್ಕೆ, ಮೊರ, ಮಡಕೆ, ಎತ್ತಿನ ಕೊರಳ ಗೆಜ್ಜೆಪಟ್ಟಿ, ಗೋಡೆಗೆ ಕೆಮ್ಮಣ್ಣು ಸುಣ್ಣದಲ್ಲಿ ಬರೆದ ಹಸೆ. ತಮಟೆಯ ಸಾಲು ಖಾಲಿ ಇತ್ತು. ಮಕ್ಕಳನ್ನು ಕರೆದುಕೊಂಡು ಕೇರಿಗೆ ಹೋದೆ. ಈಗ ಎಲ್ಲೆಲ್ಲೂ ಫೈಬರ್ ತಮಟೆ, ಬೆಂಕಿ ಬೇಕಿಲ್ಲ, ಮಳೆಗೆ ಹೆದರಬೇಕಿಲ್ಲ. ತೊಗಲಿನದು ಇಟ್ಟುಕೊಂಡಿದ್ದವನು ಒಬ್ಬನೇ ಮುದುಕ, ವರಸೆಯಲ್ಲಿ ನನಗೆ ದೊಡ್ಡಯ್ಯ.

"ದೊಡ್ಡಯ್ಯ, ನಿನ್ನ ಎಸ್ರು ಯೋಳು, ಮಕ್ಳು ಬರ್ಕೋತವೆ."

"ನನ್ನೆಸ್ರು ಕಟ್ಕಂಡು ಏನ್ ಮಾಡೀರಿ ಮಗ?" ಅಂದ. ಆಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದು, "ಯಾವ್ದ ಬರ್ಕೋತೀರಿ? ಊರೋರು ಕೂಗೋದ, ನಮ್ಮವ್ವ ಕಟ್ಟಿದ್ದ?" ಅಂತ ಕೇಳಿದ.

"ಅವ್ವ ಕಟ್ಟಿದ್ದು."

ಹೇಳಿದ. ಏಳನೇ ಕ್ಲಾಸಿನ ಹುಡುಗಿ ಬರೆದುಕೊಂಡಳು. ಎರಡು ಸಲ ಓದಿಸಿ ಕೇಳಿದ. ಗೂಟದಲ್ಲಿ ನೇತುಹಾಕಿದ್ದ ತಮಟೆ ಇಳಿಸಿ, ಅಂಚಿನಲ್ಲಿ ಸವೆದ ಮರದ ಮೇಲೆ ಬೆರಳಾಡಿಸಿ, "ಅದ್ರ ಕೆಳಗೆ ನಮ್ಮಪ್ಪಂದೂ ಬರಿ ಕಣವ್ವ. ತೊಗ್ಲು ನಂದು, ಬಳೆ ಅವನ್ದು" ಅಂದ.